ಒಂದು ದೀಪವೋ, ಎರಡು ದೀಪವೋ?

ಹೋದ ತಿಂಗಳು ಧಾರವಾಡದ ಒಂದು ಪ್ರೌಢಶಾಲೆಗೆ ಮಾತಾಡಲು ಕರೆದಿದ್ದರು. ಕಣಗಳನ್ನು ಡಿಕ್ಕಿ ಹೊಡೆಸುವ ದೊಡ್ಡ ಯಂತ್ರದ ಬಗ್ಗೆ ಹೇಳಿದೆ. ಅಲ್ಲಿನ ಮಾಹಿತಿಯಲ್ಲಿ ಫೋಟಾನ್ ಗುರುತಿಸುವುದೇ ಎಷ್ಟೋ ವರ್ಷ ನನ್ನ ಕೆಲಸವಾಗಿತ್ತು ಎಂದೆ. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತಳು. "ಮೇಡಂ, ಫೋಟಾನ್ ಅಂದ್ರ ಬೆಳಕು ಅಲ್ರೀ? ಬೆಳಕು ಕಣ್ಣಿಗೆ ಕಾಣ್ತದಲ್ರೀ. ಅದನ್ನ ಮತ್ತ ಹುಡುಕೋದು ಯಾಕ?" ಅಷ್ಟರಲ್ಲಿ ಗಂಟೆ ಹೊಡೆಯಿತು. ಎರಡು ಮಾತು ಹೇಳಿ ಹೊರಟು ಬಂದೆ. ಅವಳಿಗೆ ಕೊಡಬೇಕಾಗಿದ್ದ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಶಕ್ತಿಯ ಲೆಕ್ಕ ನೋಡೋಣ. ಕಣ್ಣಿಗೆ ಕಾಣುವ ಬೆಳಕಿನ ಒಂದು ಫೋಟಾನ್‌ಗೆ ಸುಮಾರು 2 ಎಲೆಕ್ಟ್ರಾನ್ ವೋಲ್ಟ್ ಶಕ್ತಿ ಇರುತ್ತದೆ. ನಾವು ಆ ಯಂತ್ರದಲ್ಲಿ ಹುಡುಕುತ್ತಿದ್ದ ಹಿಗ್ಸ್ ಎಂಬ ಅಪರೂಪದ ಕಣ ಒಡೆದಾಗ ಬರುವ ಫೋಟಾನ್‌ಗೆ ಸುಮಾರು 60 ಗಿಗಾ ಎಲೆಕ್ಟ್ರಾನ್ ವೋಲ್ಟ್. ಗಿಗಾ ಅಂದರೆ 100 ಕೋಟಿ. ನಾವು ಅದನ್ನು ಜಿಇವಿ ಎನ್ನುತ್ತೇವೆ. ಒಂದಕ್ಕೂ ಇನ್ನೊಂದಕ್ಕೂ 3,000 ಕೋಟಿ ಪಟ್ಟು ಅಂತರ. ಅಂಥ ಬೆಳಕು ಯಾವ ಕಣ್ಣಿಗೂ ಕಾಣುವುದಿಲ್ಲ. ಮೇಲಾಗಿ ಫೋಟಾನ್‌ಗೆ ವಿದ್ಯುತ್ತಿನ ಚಾರ್ಜ್ ಇಲ್ಲ. ಎಲೆಕ್ಟ್ರಾನ್, ಪ್ರೋಟಾನ್‌ನಂಥ ಕಣಗಳು ಸಿಲಿಕಾನ್ ಪದರಗಳನ್ನು ದಾಟುವಾಗ ಚುಕ್ಕಿ ಚುಕ್ಕಿಯಾಗಿ ಜಾಡು ಬಿಡುತ್ತವೆ, ಆಯಸ್ಕಾಂತದ ಬಲಕ್ಕೆ ಬಾಗುತ್ತವೆ. ಫೋಟಾನ್ ಬಾಗುವುದಿಲ್ಲ, ಜಾಡನ್ನೂ ಬಿಡುವುದಿಲ್ಲ. ಹಸಿ ಎರೆ ಹೊಲದಲ್ಲಿ ಹೆಜ್ಜೆ ಮೂಡಿಸದೆ ನಡೆದುಹೋದ ಹಾಗೆ.

ಹಾಗಾದರೆ ಅದನ್ನು ಹಿಡಿಯುವುದು ಹೇಗೆ? ದಾರಿಗೆ ಅಡ್ಡವಾಗಿ ಭಾರವಾದ ವಸ್ತು ಇಟ್ಟು ನಿಲ್ಲಿಸಬೇಕು. ಜಿನೀವಾ ಹತ್ತಿರದ ಸರ್ನ್ ಪ್ರಯೋಗಾಲಯದಲ್ಲಿ 27 ಕಿ.ಮೀ. ಸುತ್ತಳತೆಯ ಎಲ್‌ಎಚ್‌ಸಿ ಎಂಬ ಆ ಡಿಕ್ಕಿ ಯಂತ್ರ ಇದೆಯಲ್ಲ, ಅದರ ಸಿಎಂಎಸ್ ಎಂಬ ಪತ್ತೆಯಂತ್ರದಲ್ಲಿ ಈ ಕೆಲಸಕ್ಕೆಂದೇ 75,848 ಹರಳುಗಳಿವೆ. ಸೀಸ ಮತ್ತು ಟಂಗ್‌ಸ್ಟನ್ ಸೇರಿಸಿ ಬೆಳೆಸಿದ ಲೆಡ್ ಟಂಗ್‌ಸ್ಟೇಟ್ ಹರಳು. ನಡುಭಾಗದ ಹರಳಿನ ಉದ್ದ 23 ಸೆಂ.ಮೀ., ಹೆಚ್ಚುಕಡಿಮೆ ಒಂದು ಗೇಣು. ಮುಖದ ಅಗಲ 2.2 ಸೆಂ.ಮೀ., ಹೆಬ್ಬೆರಳಿನಷ್ಟು. ನೋಡಲು ಗಾಜಿನ ಪಟ್ಟಿಯಂತೆ ತಿಳಿಯಾಗಿದೆ. ಆದರೆ ಕಬ್ಬಿಣಕ್ಕಿಂತ ಸಾಂದ್ರ. ಮೊದಲ ಸಲ ಒಂದು ಹರಳನ್ನು ಕೈಗೆ ತೆಗೆದುಕೊಂಡಾಗ ಕೈ ಕೆಳಗೆ ಜಗ್ಗಿತು. ಕಣ್ಣು ಗಾಜು ಅನ್ನುತ್ತಿತ್ತು, ಕೈ ಒಪ್ಪುತ್ತಿರಲಿಲ್ಲ.

ಫೋಟಾನ್ ಈ ಹರಳಿನೊಳಗೆ ಹೊಕ್ಕು ಒಂದು ಭಾರದ ನ್ಯೂಕ್ಲಿಯಸ್ ಹತ್ತಿರ ಬಂದಾಗ ತಾನೇ ಇಲ್ಲವಾಗಿ ಒಂದು ಎಲೆಕ್ಟ್ರಾನ್, ಒಂದು ಪಾಸಿಟ್ರಾನ್ (ವಿರುದ್ಧ ಚಾರ್ಜ್ ಇರುವ ಎಲೆಕ್ಟ್ರಾನ್) ಆಗುತ್ತದೆ. ಆ ಎರಡೂ ಮತ್ತೆ ಹೊಸ ಫೋಟಾನ್‌ಗಳನ್ನು ಹೊರಹಾಕುತ್ತವೆ. ಅವು ಮತ್ತೆ ಜೋಡಿಗಳಾಗುತ್ತವೆ. ಒಂದು ಎರಡಾಗಿ, ಎರಡು ನಾಲ್ಕಾಗಿ ಕವಲೊಡೆಯುತ್ತಾ ಹೋಗುತ್ತದೆ. ಈ ಕವಲೊಡೆತದ ಅಳತೆಗೋಲು ಈ ಹರಳಿನಲ್ಲಿ ಸುಮಾರು 9 ಮಿಲಿಮೀಟರ್. ಒಂದು ಗೇಣಿನಲ್ಲಿ ಅಂಥವು 26 ಸಿಗುತ್ತವೆ. ಅಷ್ಟರಲ್ಲಿ ಶಕ್ತಿ ಪೂರ್ತಿ ಹಂಚಿಹೋಗಿ ಕಣಗಳ ಈ ಮಳೆ ನಿಲ್ಲುತ್ತದೆ. ಮಳೆಯ ಕಣಗಳು ಹರಳಿನಲ್ಲಿ ಮಂದವಾದ ನೀಲಿ ಬೆಳಕು ಹುಟ್ಟಿಸುತ್ತವೆ. ಹರಳಿನ ಹಿಂಬದಿಗೆ ಅಂಟಿಸಿದ ಪುಟ್ಟ ಸಾಧನ ಆ ನೀಲಿ ಬೆಳಕನ್ನು ಅಳೆಯುತ್ತದೆ. ಬೆಳಕು ಜಾಸ್ತಿ ಇದ್ದರೆ ಒಳಗೆ ಬಂದ ಫೋಟಾನ್‌ನ ಶಕ್ತಿಯೂ ಜಾಸ್ತಿ. ಅಂದರೆ ನಾವು ಫೋಟಾನನ್ನು ಯಾವತ್ತೂ ನೋಡುವುದೇ ಇಲ್ಲ. ಅದು ಮುಗಿದುಹೋದ ಜಾಗವನ್ನು ನೋಡುತ್ತೇವೆ. ಆ ಹುಡುಗಿಗೆ ಮೊದಲು ಹೇಳಬೇಕಿದ್ದ ಮಾತು ಇದೇ.

ಈ ಅಳತೆ ನಂಬಿಕಸ್ತವಾಗಿರಲು ತುಂಬಾ ಆರೈಕೆ ಬೇಕು. ಉಷ್ಣತೆ 1 ಡಿಗ್ರಿ ಏರಿದರೆ ಹರಳಿನ ಬೆಳಕು ಸುಮಾರು 2 ಶೇಕಡಾ ಇಳಿಯುತ್ತದೆ. ಅದಕ್ಕೆ ಇಡೀ ಹರಳುಗೂಡನ್ನು 18 ಡಿಗ್ರಿಯಲ್ಲಿ ಬಿಗಿಯಾಗಿ ಹಿಡಿದಿದ್ದಾರೆ, 0.05 ಡಿಗ್ರಿ ಆಚೀಚೆ ಹೋಗದಂತೆ. ವಿಕಿರಣ ತಾಕಿ ಹರಳುಗಳು ಮಂಕಾಗುತ್ತವೆ, ಡಿಕ್ಕಿ ನಿಂತಾಗ ಮತ್ತೆ ಸ್ವಲ್ಪ ತಿಳಿಯಾಗುತ್ತವೆ. ಸುಮಾರು 40 ನಿಮಿಷಕ್ಕೊಮ್ಮೆ ಎಲ್ಲಾ ಹರಳುಗಳೊಳಗೂ ಲೇಸರ್ ಬೆಳಕು ಬಿಟ್ಟು ಎಷ್ಟು ಮಂಕಾಗಿದೆ ಎಂದು ಲೆಕ್ಕ ಇಡುತ್ತಾರೆ.

ನನ್ನ ನಿಜವಾದ ಕೆಲಸ ಶುರುವಾಗುತ್ತಿದ್ದದ್ದು ಇದರ ನಂತರ. ಹರಳಿನಲ್ಲಿ ಶಕ್ತಿ ಬಿದ್ದಿದೆ, ಅದರ ಮುಂದೆ ಜಾಡು ಇಲ್ಲ. ಹಾಗಾದರೆ ಅದು ಫೋಟಾನ್ ತಾನೇ? ಹೆಚ್ಚಾಗಿ ಹೌದು, ಆದರೆ ನಮಗೆ ಬೇಕಾದ ಫೋಟಾನ್ ಆಗಿರದೇ ಇರಬಹುದು.

ರಾತ್ರಿ ಹುಬ್ಬಳ್ಳಿಯಿಂದ ಗದಗಿಗೆ ಬಸ್ಸಿನಲ್ಲಿ ಮುಂದಿನ ಸೀಟಲ್ಲಿ ಕೂತು ಹೋಗಿದ್ದೀರಾ? ಅಣ್ಣಿಗೇರಿ ಆಸುಪಾಸಿನಲ್ಲಿ ಎರಡೂ ಕಡೆ ಎರೆ ಭೂಮಿ, ಮಟ್ಟಸವಾದ ಬಯಲು. ಎದುರಿಗೆ ದೂರದಲ್ಲಿ ಒಂದು ದೀಪ ಕಾಣುತ್ತದೆ. ಬೈಕು ಅಂದುಕೊಳ್ಳುತ್ತೀರಿ. ಹತ್ತಿರ ಬರುತ್ತಾ ಆ ಒಂದು ದೀಪ ಎರಡಾಗುತ್ತದೆ. ಅದು ಲಾರಿ. ನಮ್ಮ ಕೆಲಸದಲ್ಲಿ ಆ ಲಾರಿಯ ಹೆಸರು ಪೈ ಜೀರೋ, ಅಂದರೆ ಚಾರ್ಜ್ ಇಲ್ಲದ ಪಯೋನ್ ಎಂಬ ಕಣ. ಪ್ರೋಟಾನ್‌ಗಳು ಡಿಕ್ಕಿ ಹೊಡೆದಾಗ ಇವು ರಾಶಿ ರಾಶಿ ಹುಟ್ಟುತ್ತವೆ. ಹುಟ್ಟಿದ ಕೂಡಲೇ ಒಡೆದು, ನೂರಕ್ಕೆ ಸುಮಾರು 99 ಸಲ ಎರಡು ಫೋಟಾನ್ ಆಗುತ್ತವೆ. ತೊಂದರೆ ಏನೆಂದರೆ ನಮ್ಮ ಲಾರಿ ಹತ್ತಿರ ಬರುವುದಿಲ್ಲ. ಒಂದೇ ದೂರದಿಂದ ತೀರ್ಮಾನ ಮಾಡಬೇಕು.

ಲೆಕ್ಕ ಹಾಕಿ ನೋಡೋಣ, ಕಷ್ಟ ಏನಿಲ್ಲ. ಪಯೋನ್‌ನ ತೂಕ 0.135 ಜಿಇವಿ (ಕಣಗಳ ತೂಕವನ್ನೂ ನಾವು ಶಕ್ತಿಯ ಅಳತೆಯಲ್ಲೇ ಹೇಳುತ್ತೇವೆ). ಎರಡು ಫೋಟಾನ್‌ಗಳ ನಡುವಿನ ಅತಿ ಕಡಿಮೆ ಕೋನ ಬೇಕೆಂದರೆ ಈ ತೂಕದ ಎರಡರಷ್ಟನ್ನು ಪಯೋನ್‌ನ ಶಕ್ತಿಯಿಂದ ಭಾಗಿಸಿದರೆ ಆಯಿತು. ಉತ್ತರ ರೇಡಿಯನ್ ಎಂಬ ಕೋನದ ಅಳತೆಯಲ್ಲಿ ಬರುತ್ತದೆ. ಅದನ್ನು ಹರಳಿನ ದೂರದಿಂದ ಗುಣಿಸಿದರೆ ಎರಡರ ಅಂತರ ಸಿಗುತ್ತದೆ. ಹರಳುಗಳು ಡಿಕ್ಕಿಯ ಜಾಗದಿಂದ ಸುಮಾರು 1.3 ಮೀಟರ್ ದೂರ. 5 ಜಿಇವಿ ಪಯೋನ್ ಆದರೆ ಎರಡು ಫೋಟಾನ್ 7 ಸೆಂ.ಮೀ. ಅಂತರದಲ್ಲಿ ಬೀಳುತ್ತವೆ. ಬೇರೆ ಬೇರೆ ಹರಳು, ಸುಲಭವಾಗಿ ಗೊತ್ತಾಗುತ್ತದೆ. 50 ಜಿಇವಿ ಆದರೆ ಅಂತರ 0.7 ಸೆಂ.ಮೀ. ಮಾತ್ರ. ಹರಳಿನ ಅಗಲವೇ 2.2. ಎರಡೂ ಒಂದೇ ಹರಳಿಗೆ ಬೀಳಬಹುದು. ಇದೇ ಜಾಗದಲ್ಲಿ ನಾನು ವರ್ಷಗಟ್ಟಲೆ ಕೂತಿದ್ದು.

ಹಾಗಾಗಿ ಮಳೆಯ ಆಕಾರ ನೋಡುತ್ತೇವೆ. ಒಂದೇ ಫೋಟಾನ್‌ನ ಮಳೆ ಒತ್ತಾಗಿರುತ್ತದೆ. ಎರಡು ಸೇರಿದ್ದರೆ ಒಂದು ಕಡೆಗೆ ಚೂರು ಹರಡಿರುತ್ತದೆ. ಅಕ್ಕಪಕ್ಕದ 25 ಹರಳುಗಳಲ್ಲಿ ಶಕ್ತಿ ಹೇಗೆ ಹಂಚಿದೆ ಎಂದು ಅಳೆದು ಆ ಚೂರನ್ನು ಹಿಡಿಯಬೇಕು. ಅಟ್ಲಾಸ್ ಎಂಬ ಇನ್ನೊಂದು ಪತ್ತೆಯಂತ್ರದವರು ಬೇರೆ ದಾರಿ ಹಿಡಿದರು. ಅವರದ್ದು ಸೀಸದ ಹಾಳೆ ಮತ್ತು ದ್ರವ ಆರ್ಗಾನ್. ಅದರ ಮೊದಲ ಪದರದಲ್ಲಿ ಸುಮಾರು 5 ಮಿಲಿಮೀಟರ್ ಅಗಲದ ಪಟ್ಟಿಗಳಿವೆ, ಜೋಡಿ ದೀಪ ಬಿಡಿಸಿ ನೋಡಲೆಂದೇ. ಸಿಎಂಎಸ್‌ನಲ್ಲೂ ಎರಡು ತುದಿಯ ಮುಚ್ಚಳಗಳಲ್ಲಿ ಹರಳುಗಳ ಮುಂದೆ ಸಿಲಿಕಾನ್ ಪಟ್ಟಿಗಳ ಒಂದು ಪದರ ಇಟ್ಟರು. ಅದರ ಸಿಲಿಕಾನ್ ಸಂವೇದಕಗಳಲ್ಲಿ ಒಂದು ಪಾಲನ್ನು ಭಾಭಾ ಅಣು ಸಂಶೋಧನಾ ಕೇಂದ್ರ ಮತ್ತು ಬೆಂಗಳೂರಿನ ಬಿಇಎಲ್ ಸೇರಿ ತಯಾರಿಸಿದ್ದವು. ನಮ್ಮ ಮಕ್ಕಳಿಗೆ ಇದನ್ನು ಹೇಳಲು ನನಗೆ ಬಹಳ ಖುಷಿ.

ಆಕಾರ ಒಂದೇ ಸಾಲದು. ಪಯೋನ್ ಒಂಟಿಯಾಗಿ ಬರುವುದು ಅಪರೂಪ. ಸಿದ್ಧಾರೂಢ ಮಠದ ತೇರಿನ ದಿನದ ಜನರ ಹಾಗೆ, ಸುತ್ತ ಹತ್ತಾರು ಕಣಗಳು ಒಂದೇ ದಿಕ್ಕಿಗೆ ನುಗ್ಗುತ್ತಿರುತ್ತವೆ. ಹಿಗ್ಸ್‌ನಿಂದ ಬಂದ ಫೋಟಾನ್ ಹೆಚ್ಚಾಗಿ ಒಂಟಿ. ಅದಕ್ಕೇ ಫೋಟಾನ್ ಇರಬಹುದು ಎನಿಸಿದ ಪ್ರತಿ ಸಂಕೇತದ ಸುತ್ತ ಒಂದು ಬಳೆ ಎಳೆದು, ಒಳಗೆ ಬೇರೆ ಕಣಗಳ ಶಕ್ತಿ ಎಷ್ಟಿದೆ ಎಂದು ಕೂಡಿಸುತ್ತೇವೆ. ಹರಳಿನ ಹಿಂದಿರುವ ಹಿತ್ತಾಳೆಯ ಪದರಗಳವರೆಗೆ ಶಕ್ತಿ ಸೋರಿದ್ದರೆ ಅದೂ ಅನುಮಾನಕ್ಕೆ ಕಾರಣ. ಫೋಟಾನ್ ಅಷ್ಟು ಹಿಂದಕ್ಕೆ ಹೋಗುವುದಿಲ್ಲ.

ಇದೆಲ್ಲಾ ಸೇರಿಸಿ ಎಲ್ಲಿ ಗೆರೆ ಎಳೆಯಬೇಕು? ಬ್ಯಾಡಗಿಯಲ್ಲಿ ಮೆಣಸಿನಕಾಯಿ ಆರಿಸುವ ಹೆಣ್ಣುಮಕ್ಕಳನ್ನು ನೋಡಿದ್ದೇನೆ. ಒಂದು ಮಚ್ಚೆಯನ್ನೂ ಬಿಡದೆ ಆರಿಸಿದರೆ ಒಳ್ಳೆ ಕಾಯಿಯೂ ಹೊರಗೆ ಹೋಗುತ್ತದೆ. ಸಡಿಲ ಬಿಟ್ಟರೆ ಕೆಟ್ಟದ್ದು ಚೀಲಕ್ಕೆ ಸೇರುತ್ತದೆ. ನಾವೂ ಸಡಿಲ, ಮಧ್ಯಮ, ಬಿಗಿ ಎಂದು ಮೂರು ಗೆರೆ ಇಟ್ಟುಕೊಂಡಿದ್ದೆವು. ನಿಜವಾದ 100 ಫೋಟಾನ್‌ಗಳಲ್ಲಿ ಸುಮಾರು 90, 80, 70 ಉಳಿಯುವ ಹಾಗೆ. ಬಿಗಿ ಮಾಡಿದಷ್ಟೂ ಒಳ್ಳೆಯದು ಅಂತ ಹೊಸಬರು ತಿಳಿಯುತ್ತಾರೆ. ನಾನು ಒಪ್ಪುವುದಿಲ್ಲ. ಅಪರೂಪದ ಕಣ ಹುಡುಕುವಾಗ ಕೈಬಿಟ್ಟ 30 ಫೋಟಾನ್ ಬಹಳ ದುಬಾರಿ.

ಇನ್ನೊಂದು ಸಂಗತಿ ನನಗೆ ಬಹಳ ಪಾಠ ಕಲಿಸಿತು. ಎಲ್‌ಎಚ್‌ಸಿಯ ಮೊದಲ ಡಿಕ್ಕಿಗಳಲ್ಲೇ ಸಿಎಂಎಸ್‌ನಲ್ಲಿ ವಿಚಿತ್ರ ಸಂಕೇತಗಳು ಕಾಣಿಸಿದವು. ಒಂದೇ ಒಂದು ಹರಳಿನಲ್ಲಿ ಭಾರೀ ಶಕ್ತಿ, ಪಕ್ಕದ ಹರಳುಗಳಲ್ಲಿ ಏನೂ ಇಲ್ಲ. ನೋಡಲು ಅಚ್ಚುಕಟ್ಟಾದ ಫೋಟಾನ್. ಆದರೆ ನಿಜವಾದ ಮಳೆ ಪಕ್ಕದ ಹರಳಿಗೆ ಸಿಡಿಯಲೇಬೇಕು. ಯಾವುದೋ ಕಣ ಹರಳಿನ ಹಿಂಬದಿಯ ಬೆಳಕು ಅಳೆಯುವ ಸಾಧನಕ್ಕೇ ನೇರವಾಗಿ ಬಡಿದು ಹುಟ್ಟಿಸಿದ ಸುಳ್ಳು ಸಂಕೇತ ಅದು. ಮಧ್ಯದ ಹರಳನ್ನು ಅದರ ನಾಲ್ಕು ಪಕ್ಕದವುಗಳ ಜೊತೆ ಹೋಲಿಸಿ, ಸಂಕೇತ ಬಂದ ಹೊತ್ತನ್ನೂ ನೋಡಿ ಇವನ್ನು ತೆಗೆದುಹಾಕಿದರು. ತೀರಾ ಚೊಕ್ಕವಾದ ಸಂಕೇತ ಕಂಡರೆ ಇವತ್ತಿಗೂ ನಾನು ಪಕ್ಕದ ಹರಳುಗಳನ್ನೇ ಮೊದಲು ನೋಡುತ್ತೇನೆ.

ಎಲೆಕ್ಟ್ರಾನ್ ವಿಷಯದಲ್ಲಿ ನಾನೇ ಎಡವಿದ್ದೇನೆ. ಎಲೆಕ್ಟ್ರಾನ್ ಹರಳಿಗೆ ಬಡಿದಾಗಲೂ ಅಂಥದ್ದೇ ಮಳೆ. ವ್ಯತ್ಯಾಸ ಅದರ ಮುಂದಿನ ಜಾಡು ಮಾತ್ರ. ಸಂಶೋಧನೆ ಶುರುಮಾಡಿದ ಹೊಸದರಲ್ಲಿ ಜೋಡಿ ಫೋಟಾನ್‌ಗಳ ಒಟ್ಟು ತೂಕದ ನಕ್ಷೆ ಬರೆದೆ. 91 ಜಿಇವಿ ಹತ್ತಿರ ದೊಡ್ಡ ಗುಡ್ಡ ಎದ್ದಿತ್ತು. ರಾತ್ರಿಯಿಡೀ ನಿದ್ದೆ ಬರಲಿಲ್ಲ. ಬೆಳಿಗ್ಗೆ ಹಿರಿಯರೊಬ್ಬರು ನೋಡಿ, "ಜಾಡು ಇದ್ದದ್ದನ್ನು ತೆಗೆಯುವ ಸಾಲು ಹಾಕಿದ್ದೀಯಾ?" ಎಂದರು. ಹಾಕಿರಲಿಲ್ಲ. 91 ಅನ್ನುವುದು ಝಡ್ ಕಣದ ತೂಕ. ಅದು ಒಂದು ಎಲೆಕ್ಟ್ರಾನ್, ಒಂದು ಪಾಸಿಟ್ರಾನ್ ಆಗಿ ಒಡೆಯುತ್ತದೆ. ಎರಡನ್ನೂ ನಾವು ಎಲೆಕ್ಟ್ರಾನ್ ಎಂದೇ ಕರೆಯುತ್ತೇವೆ. ಅವುಗಳನ್ನೇ ನಾನು ಫೋಟಾನ್ ಅಂದುಕೊಂಡಿದ್ದೆ.

ಆದರೆ ಅದೇ ಗುಡ್ಡ ಮುಂದೆ ನಮಗೆ ಅಳತೆಗೋಲಾಯಿತು. ಝಡ್‌ನಿಂದ ಬಂದ ಜೋಡಿಯಲ್ಲಿ ಒಂದು ಎಲೆಕ್ಟ್ರಾನನ್ನು ಗಟ್ಟಿಯಾಗಿ ಗುರುತಿಸಿ, ಇಬ್ಬರ ಒಟ್ಟು ತೂಕ 91 ಆದರೆ, ಇನ್ನೊಂದೂ ಎಲೆಕ್ಟ್ರಾನ್ ಎಂದು ನಂಬಬಹುದು. ಈಗ ಜಾಡಿನ ವಿಷಯ ಬಿಟ್ಟು, ಅದರ ಮಳೆ ನಮ್ಮ ಫೋಟಾನ್ ಪರೀಕ್ಷೆ ಪಾಸಾಗುತ್ತದೆಯಾ ಎಂದು ನೋಡಬೇಕು. ನೂರರಲ್ಲಿ ಎಷ್ಟು ಪಾಸಾಯಿತು ಎಂಬುದೇ ನಮ್ಮ ಪರೀಕ್ಷೆಯ ಅಂಕ. ಕಂಪ್ಯೂಟರಿನ ಅಣಕು ಡಿಕ್ಕಿಗಳು, ಅಂದರೆ ಸಿಮ್ಯುಲೇಶನ್, ಹೇಳಿದ ಅಂಕವನ್ನು ಸುಮ್ನೆ ನಂಬದೆ ನಿಜವಾದ ಮಾಹಿತಿಯಿಂದಲೇ ಅಳೆಯಬಹುದು. ಶುದ್ಧ ಫೋಟಾನೇ ಬೇಕೆಂದರೆ, ಝಡ್ ಎರಡು ಮ್ಯೂಯಾನ್ (ಎಲೆಕ್ಟ್ರಾನ್‌ನಂಥದ್ದೇ, ಆದರೆ ಭಾರದ ಕಣ) ಆಗಿ ಒಡೆಯುವಾಗ ಒಂದು ಮ್ಯೂಯಾನ್ ಚೆಲ್ಲಿದ ಫೋಟಾನ್ ಸಿಗುತ್ತದೆ. ಮೂರನ್ನೂ ಕೂಡಿಸಿದರೆ ಮತ್ತೆ 91. ಇಂಥವು ಕಡಿಮೆ, ಆದರೆ ಅಪ್ಪಟ.

ಕೆಲವು ಫೋಟಾನ್‌ಗಳು ಹರಳಿಗೆ ಬರುವ ಮುಂಚೆ, ಸಿಲಿಕಾನ್ ಪದರಗಳಲ್ಲೇ ಎಲೆಕ್ಟ್ರಾನ್ ಜೋಡಿ ಆಗಿಬಿಡುತ್ತವೆ. ಆಗ ಜಾಡು ಇರುತ್ತದೆ, ಆದರೂ ಅದು ಫೋಟಾನೇ. ಅದಕ್ಕೆ ಜಾಡು ಇದೆಯಾ ಎಂದಷ್ಟೇ ಕೇಳದೆ, ತೀರಾ ಒಳಗಿನ ಪದರದಿಂದ ಶುರುವಾಗಿದೆಯಾ ಎಂದೂ ಕೇಳಬೇಕು. ನಡುವೆ ಶುರುವಾಗಿದ್ದರೆ ಅದನ್ನು ಉಳಿಸಿಕೊಳ್ಳುತ್ತೇವೆ.

ಜಾಡು ಇಲ್ಲದಿದ್ದರೆ ಇನ್ನೊಂದು ಪ್ರಶ್ನೆ ಏಳುತ್ತದೆ. ಫೋಟಾನ್ ಎಲ್ಲಿಂದ ಹೊರಟಿತು? ಎರಡು ಪ್ರೋಟಾನ್ ಗುಂಪುಗಳು ಒಮ್ಮೆ ಹಾದುಹೋಗುವಾಗ ಒಂದಲ್ಲ, ಹತ್ತಾರು ಡಿಕ್ಕಿಗಳಾಗುತ್ತವೆ. ಅವು ಕೆಲವು ಸೆಂ.ಮೀ. ಉದ್ದಕ್ಕೆ ಹರಡಿರುತ್ತವೆ. ಹೊರಟ ಜಾಗ ತಪ್ಪಾದರೆ ಎರಡು ಫೋಟಾನ್ ನಡುವಿನ ಕೋನ ತಪ್ಪುತ್ತದೆ, ತೂಕವೂ ತಪ್ಪುತ್ತದೆ. ಫೋಟಾನ್ ಜೋಡಿ ಒಂದು ಕಡೆ ಹಾರಿದರೆ ಅದಕ್ಕೆ ಎದುರಾಗಿ ಜಾಡುಳ್ಳ ಕಣಗಳು ಹಾರಿರಬೇಕು. ಆ ಕಣಗಳ ಜಾಡುಗಳೇ ಹೊರಟ ಜಾಗ ಹೇಳಿಕೊಡುತ್ತವೆ. 1 ಸೆಂ.ಮೀ. ಒಳಗೆ ಜಾಗ ಸಿಕ್ಕರೆ ಸಾಕು.

ಇಷ್ಟೆಲ್ಲಾ ಯಾಕೆ ಅಂದರೆ, ಸಾವಿರ ಹಿಗ್ಸ್ ಕಣಗಳಲ್ಲಿ ಎರಡು ಫೋಟಾನ್ ಆಗಿ ಒಡೆಯುವುದು ಎರಡೋ ಮೂರೋ. ಬೇರೆ ದಾರಿಯಿಂದ ಬಂದ ಫೋಟಾನ್ ಜೋಡಿಗಳು ಅದಕ್ಕಿಂತ ಎಷ್ಟೋ ಜಾಸ್ತಿ. ಜೋಡಿಗಳ ತೂಕದ ನಕ್ಷೆಯಲ್ಲಿ, ಇಳಿಯುವ ಗೆರೆಯ ಮೇಲೆ, ಹಿಗ್ಸ್‌ನ ತೂಕವಾದ 125 ಜಿಇವಿ ಹತ್ತಿರ ಚಿಕ್ಕ ಉಬ್ಬು, ಅಷ್ಟೇ. 2012ರ ಜುಲೈ 4ರಂದು ಹೊಸ ಕಣ ಸಿಕ್ಕಿತೆಂದು ಅಟ್ಲಾಸ್ ಮತ್ತು ಸಿಎಂಎಸ್ ಎರಡೂ ತಂಡದವರು ಹೇಳಿದಾಗ, ಪರದೆಯ ಮೇಲೆ ಆ ಉಬ್ಬೂ ಇತ್ತು.

ಸಿಎಂಎಸ್‌ನ ಹಳೆಯ ಮಾಹಿತಿಯನ್ನು ಸರ್ನ್ 2014ರಿಂದ ಎಲ್ಲರಿಗೂ ಬಿಟ್ಟುಕೊಟ್ಟಿದೆ. ಈಗ ಧಾರವಾಡದಲ್ಲಿ ನನ್ನ ಎಂಎಸ್‌ಸಿ ಮಕ್ಕಳು ಸಾಧಾರಣ ಕಂಪ್ಯೂಟರ್‌ನಲ್ಲೇ ಅದನ್ನು ತೆರೆದು ಕೂರುತ್ತಾರೆ. ಹೋದ ವಾರ ಒಬ್ಬಳು ನಕ್ಷೆ ತಂದು ತೋರಿಸಿದಳು. 91ರಲ್ಲಿ ಗುಡ್ಡ. ನಾನು ಏನೂ ಹೇಳಲಿಲ್ಲ. ಸುಮ್ಮನೆ ಕುರ್ಚಿ ಎಳೆದು ಅವಳ ಪಕ್ಕ ಕೂತೆ, ಇಬ್ಬರೂ ಒಂದೊಂದೇ ಸಾಲು ಓದತೊಡಗಿದೆವು. ಆ ಪ್ರೌಢಶಾಲೆಯ ಹುಡುಗಿಯನ್ನೂ ಒಂದು ಶನಿವಾರ ಬರಲು ಹೇಳಿ ಕಳಿಸಿದ್ದೇನೆ.