ಹಳಿ ಹಿಡಿದು ದೂಧ್‌ಸಾಗರಕ್ಕೆ

ಮಳೆ ಶುರುವಾದರೆ ಸಾಕು, ಗೋವಾದ ವಾಸ್ಕೋದ ನಮ್ಮ ಮನೆಗೆ ಹುಬ್ಬಳ್ಳಿಯಿಂದ ಅಳಿಯನ ಫೋನು. "ಮಾಮಾ, ಈ ಸಲನಾದ್ರೂ ದೂಧ್‌ಸಾಗರಕ್ಕೆ ನಡಕೊಂಡು ಹೋಗೂಣ್ರಿ." ಆಗಲ್ಲಪ್ಪ ಅಂದರೆ, "ನೀವು ಹೋಗಿರಲ್ಲ?" ಅನ್ನುತ್ತಾನೆ. ಹೌದು, ಆ ಜಲಪಾತಕ್ಕೆ ಹೋಗಿದ್ದೇವೆ. ಕ್ಯಾಸಲ್‌ರಾಕ್‌ನಲ್ಲಿ ಇಳಿದು, ಬುತ್ತಿ ಕಟ್ಟಿಕೊಂಡು, ಹಳಿಯ ಮೇಲೇ ನಡೆದವರು ನಾವು.

ಆ ಹಳಿ ಪೋರ್ಚುಗೀಸರ ಕಾಲದ್ದು, 1880ರ ದಶಕದ್ದು. ಘಟ್ಟ ಎಷ್ಟು ಕಡಿದು ಅಂದರೆ, 37 ಅಡಿ ಹೋದರೆ ಒಂದು ಅಡಿ ಏರು. ನಡೆಯೋರಿಗೆ ಅಂತ ಹಾಕಿದ್ದಲ್ಲ, ಆದರೆ ದಟ್ಟ ಕಾಡಿನಲ್ಲಿ ಸಲೀಸಾಗಿ ಸಿಗುವ ದಾರಿ ಅದೊಂದೇ. 310 ಮೀಟರ್ ಮೇಲಿಂದ ಬೀಳುವ ನೀರಿನ ಅಬ್ಬರಕ್ಕೆ ಬೆನ್ನ ಹಿಂದೆ ರೈಲು ಬಂದರೂ ಕೇಳಿಸುವುದಿಲ್ಲ.

ಜಲಪಾತದ ಸುತ್ತಲಿನ ಮೊಲೆಂ ಕಾಡು 1969ರಲ್ಲೇ ಅಭಯಾರಣ್ಯವಾಯಿತು. 1978ರಲ್ಲಿ ಅದರ ನಡುವಿನ 107 ಚದರ ಕಿಲೋಮೀಟರ್ ರಾಷ್ಟ್ರೀಯ ಉದ್ಯಾನವಾಯಿತು. ಆಗಿನ ಚಿಂತೆ ಬೇಟೆ, ಮರ ಕಡಿಯುವುದು. ಭಾನುವಾರದ ಜನಜಂಗುಳಿ ಯಾರ ತಲೆಯಲ್ಲೂ ಇರಲಿಲ್ಲ. ಆಮೇಲೆ ಮೊಬೈಲ್ ಬಂತು. 2013ರಲ್ಲಿ ಒಂದು ಹಿಂದಿ ಸಿನಿಮಾದಲ್ಲಿ ಜಲಪಾತ ಕಾಣಿಸಿತು. ಬೆಂಗಳೂರಿನಿಂದ ರಾತ್ರಿ ರೈಲು ಹಿಡಿದು ಬರುವ ಗುಂಪುಗಳು ಜಾಸ್ತಿಯಾದವು.

2023ರ ಜುಲೈನಲ್ಲಿ ಗೋವಾದ ಇನ್ನೊಂದು ಕಾಡು ನೇತ್ರಾವಳಿಯ ಮೈನಾಪಿ ಜಲಪಾತದಲ್ಲಿ ಇಬ್ಬರು ಮುಳುಗಿ ಸತ್ತರು. ಅರಣ್ಯ ಇಲಾಖೆ ಜಲಪಾತಗಳಿಗೆ ಪ್ರವೇಶ ನಿಲ್ಲಿಸಿತು. ಮುಂದಿನ ಭಾನುವಾರವೇ ಜನ ದೂಧ್‌ಸಾಗರದ ಹಳಿಗೆ ಮುಗಿಬಿದ್ದರು. ರೈಲ್ವೆ ಪೊಲೀಸರು ಹಿಡಿದು ಬಸ್ಕಿ ಹೊಡೆಸಿದರು. ಆ ವಿಡಿಯೋ ನೋಡಿ ನಾನೂ ನಕ್ಕೆ, ಸುಳ್ಳು ಯಾಕೆ? ಆದರೆ ಇಡೀ ಕತೆಯಲ್ಲಿ ನಮ್ಮನ್ನು ತಡೆದದ್ದು ನೀರಿನ ಭಯ, ರೈಲಿನ ಭಯ. ಕಾಡಿಗೆ ಏನಾಗ್ತಿದೆ ಅನ್ನುವ ಮಾತು ಅದರಲ್ಲಿ ಎಲ್ಲೂ ಬರಲಿಲ್ಲ.

ಕಾಡಿಗೆ ಆಗುವುದು ಸದ್ದಿಲ್ಲದೆ. ಒಬ್ಬ ಕೆಸರು ತಪ್ಪಿಸಲು ಪಕ್ಕಕ್ಕೆ ಕಾಲಿಡುತ್ತಾನೆ, ಹಿಂದಿನವನು ಇನ್ನೂ ಪಕ್ಕಕ್ಕೆ. ಒಂದಾಳು ಹೋಗುವ ಹಾದಿ ಒಂದೇ ಮಳೆಗಾಲದಲ್ಲಿ ಎತ್ತಿನಗಾಡಿ ಹೋಗುವಷ್ಟಾಗುತ್ತದೆ. ಮಣ್ಣು ಗಟ್ಟಿಯಾಗಿ ನೀರು ಇಂಗುವುದಿಲ್ಲ, ಕೊಚ್ಚಿಕೊಂಡು ಓಡುತ್ತದೆ. ಮರದ ಬೇರು ಹೊರಗೆ ಬರುತ್ತವೆ. ವಿಚಿತ್ರ ಅಂದರೆ, ಹೊಸ ಜಾಗಕ್ಕೆ ಹೆಚ್ಚು ಪೆಟ್ಟು ಬೀಳುವುದು ಮೊದಲ ಕೆಲವು ಕಾಲುಗಳಿಂದಲೇ. ಆಮೇಲೆ ನೂರು ಜನ ತುಳಿದರೂ ಅಷ್ಟು ವ್ಯತ್ಯಾಸವಾಗುವುದಿಲ್ಲ. ಹಾಗಾಗಿ ಎಲ್ಲರನ್ನೂ ಒಂದೇ ದಾರಿಯಲ್ಲಿ ನಡೆಸುವುದೇ ಜಾಣತನ. ಮಳೆ ನಿಂತ ಮೇಲೆ ಘಟ್ಟದ ಕೆಳಗಿನ ಕುಳೆಂ ಊರಿನಿಂದ ಜಲಪಾತಕ್ಕೆ ಹೊರಡುವ ಜೀಪುಗಳನ್ನು ನಾನು ಬೈಯುವುದುಂಟು. ಹೊಳೆಯಲ್ಲೇ ಚಕ್ರ ಇಳಿಸುತ್ತವೆ, ನೀರು ಕದಡುತ್ತವೆ. ಆದರೂ ಒಂದೇ ಜಾಡು ಬಿಡದೆ ಹೋಗುತ್ತವಲ್ಲ, ಅಷ್ಟರಮಟ್ಟಿಗೆ ವಾಸಿ.

ಜಲಪಾತದ ಬುಡದಲ್ಲಿ ಕೋತಿಯೊಂದು ಚಿಪ್ಸ್ ಪ್ಯಾಕೆಟ್ ಒಳಗೆ ಕೈ ತೂರಿಸಿ, ಉಪ್ಪು ನೆಕ್ಕಿ, ಖಾಲಿ ಪ್ಯಾಕೆಟ್ಟನ್ನು ನೀರಿಗೆ ಬಿಟ್ಟದ್ದನ್ನು ನೋಡಿದ್ದೇನೆ. ಆ ನೀರು ಖಾಂಡೇಪಾರ್ ಹೊಳೆ ಸೇರುತ್ತದೆ. ಓಪಾದಲ್ಲಿ ಅದನ್ನೇ ಶುದ್ಧ ಮಾಡಿ ಪಣಜಿ, ಫೋಂಡಾದ ನಲ್ಲಿಗಳಿಗೆ ಬಿಡುತ್ತಾರೆ.

ಹಾಗಂತ ಕಾಡಿಗೆ ದೊಡ್ಡ ಅಪಾಯ ನಡೆಯುವವರಿಂದ ಅಂತಲ್ಲ. ಇದೇ ಹಳಿಯನ್ನು ಜೋಡಿ ಮಾಡುವ ಯೋಜನೆ ಬಂದಾಗ 2020ರಲ್ಲಿ ಗೋವಾದವರು ಬೀದಿಗಿಳಿದಿದ್ದರು. 2022ರ ಮೇನಲ್ಲಿ ಸುಪ್ರೀಂ ಕೋರ್ಟ್ ಅದಕ್ಕೆ ಸಿಕ್ಕಿದ್ದ ವನ್ಯಜೀವಿ ಮಂಡಳಿಯ ಒಪ್ಪಿಗೆಯನ್ನು ರದ್ದು ಮಾಡಿತು.

ಹುಬ್ಬಳ್ಳಿಯಿಂದ ಬರುವ ರೈಲು ಹೇಗೂ ಜಲಪಾತದ ಮುಂದೆಯೇ ಹಾಯುತ್ತದೆ, ಕಿಟಕಿ ಪಕ್ಕ ಕೂತು ಬಾ ಅಂದಿದ್ದೇನೆ ಅಳಿಯನಿಗೆ. "ಅದ್ರಾಗೇನ್ ಮಜಾ ಐತ್ರಿ ಮಾಮಾ" ಅಂದ. ಅಕ್ಟೋಬರ್‌ಗೆ ಜೀಪಿನಲ್ಲಿ ಎರಡು ಸೀಟು ಹಿಡಿಯಬೇಕಂತೆ.