ಗಾಥಿಕ್ ಕಾದಂಬರಿ: ಭೂತದಿಂದ ಆಸ್ತಿಪತ್ರದವರೆಗೆ

ಹದಿನೆಂಟನೇ ಶತಮಾನದ ಇಂಗ್ಲಿಷ್ ಗಾಥಿಕ್ ಕಾದಂಬರಿಗಳಲ್ಲಿ, ಅಂದರೆ ಪಾಳುಕೋಟೆ, ಭೂತಗಳ ಭಯದ ಕಥೆಗಳಲ್ಲಿ, ನಿಜವಾಗಿ ಹೆದರಿಸುವುದು ಏನು? ವಿಮರ್ಶಕರ ಉತ್ತರ ನೂರು ವರ್ಷಗಳಲ್ಲಿ ಹಲವು ಬಾರಿ ಬದಲಾಗಿದೆ. ಕಥೆಗಳು ಮಾತ್ರ ಮೊದಲಿನಿಂದಲೂ ಮನೆಯೊಳಗೇ ಬೊಟ್ಟು ಮಾಡಿವೆ. 1764ರ ಕೊನೆಯಲ್ಲಿ ಬಂದ ಹೊರೇಸ್ ವಾಲ್‌ಪೋಲ್‌ನ ‘ದಿ ಕ್ಯಾಸಲ್ ಆಫ್ ಒಟ್ರಾಂಟೊ’ದಲ್ಲಿ ಮದುವೆಯ ದಿನವೇ ಮಗ ಸಾಯುತ್ತಾನೆ. ವಂಶ ಉಳಿಸಿಕೊಳ್ಳಲು ದೊರೆ ಮ್ಯಾನ್‌ಫ್ರೆಡ್ ಕಟ್ಟಿಕೊಂಡವಳನ್ನು ಬಿಟ್ಟು, ಸೊಸೆಯಾಗಬೇಕಿದ್ದವಳ ಬೆನ್ನು ಹತ್ತುತ್ತಾನೆ. ಅದಕ್ಕೆ ಹತ್ತು ವರ್ಷ ಮೊದಲಷ್ಟೇ ಜಾರಿಗೆ ಬಂದಿದ್ದ ಹಾರ್ಡ್‌ವಿಕ್ ಕಾಯ್ದೆ ಗುಟ್ಟಿನ ಮದುವೆಗಳನ್ನು ತಡೆದು, 21 ತುಂಬದವರ ವಿಷಯದಲ್ಲಿ ಹೆತ್ತವರ ಕೈ ಬಲಪಡಿಸಿತ್ತು.

ಆದರೂ ವಿಮರ್ಶಕರಲ್ಲಿ 1921ರ ಎಡಿತ್ ಬರ್ಕ್‌ಹೆಡ್‌ರಿಂದ 1957ರ ದೇವೇಂದ್ರ ವರ್ಮಾ ಅವರವರೆಗೆ ಚರ್ಚೆ ಬಹುಪಾಲು ಭಯ, ಬೆರಗು, ಪಾಳುಕೋಟೆಗಳ ಸುತ್ತ ನಡೆಯಿತು. ಆಮೇಲೆ ಮನೋವಿಶ್ಲೇಷಕ ಫ್ರಾಯ್ಡ್ ಪ್ರಭಾವದಲ್ಲಿ ಕೋಟೆಯೆಂದರೆ ಅದುಮಿಟ್ಟ ಮನಸ್ಸು ಎಂದಾಯಿತು.

1976ರಲ್ಲಿ ಎಲೆನ್ ಮೋಯರ್ಸ್ ಹೆಂಗಸರು ಬರೆದ ಇಂಥ ಕಥೆಗಳಿಗೆ ‘ಸ್ತ್ರೀ ಗಾಥಿಕ್’ ಎಂಬ ಹೆಸರು ಕೊಟ್ಟ ಮೇಲೆ ಗಾಳಿ ತಿರುಗಿತು. ಆನ್ ರ‍್ಯಾಡ್‌ಕ್ಲಿಫ್‌ಳ ‘ದಿ ಮಿಸ್ಟರೀಸ್ ಆಫ್ ಉಡಾಲ್ಫೊ’ (1794) ಹೊಸದಾಗಿ ಓದಿಸಿಕೊಂಡಿತು. ಅಲ್ಲಿ ಕಪ್ಪು ಪರದೆಯ ಹಿಂದಿನ ಭೀಕರ ದೃಶ್ಯ ಕೊನೆಗೆ ಬರೀ ಮೇಣದ ಬೊಂಬೆ. ಆದರೆ ನಾಯಕಿ ಎಮಿಲಿ ಮಲಗುವ ಕೋಣೆಯ ಒಂದು ಬಾಗಿಲಿಗೆ ಒಳಗಡೆ ಚಿಲಕವಿಲ್ಲ, ಹೊರಗಡೆ ಇದೆ. ಅವಳ ಸೋದರತ್ತೆ ತನ್ನ ಹೆಸರಿನ ಜಮೀನನ್ನು ಗಂಡ ಮೊಂಟೋನಿಗೆ ಬರೆದುಕೊಡಲು ಒಪ್ಪದೆ, ಗೋಪುರದಲ್ಲಿ ಸೆರೆಯಾಗಿ, ಕಾಯಿಲೆ ಬಿದ್ದು ಸಾಯುತ್ತಾಳೆ. ಜಮೀನು ಎಮಿಲಿಗೆ ಬರುತ್ತದೆ, ಅದರ ಬೆನ್ನಿಗೇ ಸಹಿಯ ಒತ್ತಾಯವೂ. ಇದಕ್ಕಿಂತ ಭೂತ ಬೇಕೆ? 1989ರಲ್ಲಿ ಕೇಟ್ ಫರ್ಗುಸನ್ ಎಲ್ಲಿಸ್, ಸುರಕ್ಷಿತ ಗೃಹವೆಂಬ ಆದರ್ಶದ ಜೊತೆಗಿಟ್ಟು ಈ ಕೋಟೆಗಳನ್ನು ಓದಿದರು. 2004ರಲ್ಲಿ ರೂತ್ ಪೆರ್ರಿ, ರಕ್ತಸಂಬಂಧಕ್ಕಿಂತ ದಾಂಪತ್ಯಕ್ಕೆ ಬೆಲೆ ಏರಿದಂತೆ ತವರಿನಲ್ಲಿ ಮಗಳ ಹಕ್ಕು ಸೊರಗಿದ್ದನ್ನು ಆ ಕಾಲದ ಕಾದಂಬರಿಗಳಲ್ಲಿ ಗುರುತಿಸಿದರು.

ಈಗಿನ ಜಟಿಲ ಪ್ರಶ್ನೆ ರಕ್ತಸಂಬಂಧಿಗಳ ನಡುವಿನ ನಿಷಿದ್ಧ ಲೈಂಗಿಕ ಸಂಬಂಧದ್ದು. 1796ರ ‘ದಿ ಮಂಕ್’ನಲ್ಲಿ ಸನ್ಯಾಸಿ ಆಂಬ್ರೋಸಿಯೊ ಕೊಂದವಳು ತಾಯಿ, ಕೆಡಿಸಿ ಕೊಂದವಳು ತಂಗಿ, ಅವನಿಗೆ ಅದು ಗೊತ್ತಾಗುವುದು ಆಮೇಲೆ. ಇಂಥ ಸಂಬಂಧಗಳನ್ನೆಲ್ಲ ತಂದೆಯ ದಬ್ಬಾಳಿಕೆಯ ರೂಪಕವೆಂದು ಒಂದೇ ಗಂಟಿಗೆ ಕಟ್ಟಬಾರದು ಎಂಬುದು 2018ರಲ್ಲಿ ಜೆನ್ನಿ ಡಿಪ್ಲಾಸಿಡಿ ಅವರ ವಾದ. ಅದು ಸರಿಯೇ. ಆದರೆ ರ‍್ಯಾಡ್‌ಕ್ಲಿಫ್‌ಳ 1791ರ ಕಾದಂಬರಿಯ ಮಾರ್ಕ್ವಿಸ್ ಪದವಿಯ ಶ್ರೀಮಂತನನ್ನು ಮರೆಯುವಂತಿಲ್ಲ: ತಾನು ಬಯಸಿದ ಅಡೆಲಿನ್, ತಾನೇ ಕೊಲ್ಲಿಸಿದ ಅಣ್ಣನ ಮಗಳೆಂದು ತಿಳಿದೊಡನೆ ಅವನು ಅವಳನ್ನೂ ಕೊಲ್ಲಲು ಹೇಳುತ್ತಾನೆ. ಅವನು ಅನುಭವಿಸುತ್ತಿರುವ ಆಸ್ತಿಗೆ ವಾರಸುದಾರಳು ಅವಳೇ.