ಒಂದೇ ಹೊಲಕ್ಕೆ ಮೂರು ಬೆಲೆ: ಭೂಸ್ವಾಧೀನ ಪರಿಹಾರದ ಮೇಲ್ಮನವಿಗಳ ಹಿನ್ನೆಲೆ

ವಿಶೇಷ ಭೂಸ್ವಾಧೀನಾಧಿಕಾರಿ ಹೊಲಕ್ಕೊಂದು ಬೆಲೆ ಕಟ್ಟುತ್ತಾರೆ, ಸಿವಿಲ್ ನ್ಯಾಯಾಲಯ ಅದನ್ನು ಏರಿಸುತ್ತದೆ, ಹೈಕೋರ್ಟಿನಲ್ಲಿ ಅದು ಮತ್ತೊಮ್ಮೆ ಬದಲಾಗುತ್ತದೆ. ಆಲಮಟ್ಟಿ ಹಿನ್ನೀರಿಗೆ ಜಮೀನು ಕಳೆದುಕೊಂಡ ಬಾಗಲಕೋಟೆ, ವಿಜಯಪುರ ಜಿಲ್ಲೆಗಳ ರೈತರಿಗೆ ಇದು ಹೊಸ ಸಂಗತಿಯೇನಲ್ಲ. ಪರಿಹಾರ ಪಡೆದ ಮೇಲೂ ಕೋರ್ಟಿಗೆ ಅಲೆಯುತ್ತಾರೆಂದು ರೈತರನ್ನು ದೂರುವವರಿದ್ದಾರೆ. ಆದರೆ ಈ ವ್ಯಾಜ್ಯದ ಬೇರು ಕಾಯ್ದೆಯ ರಚನೆಯಲ್ಲೇ ಇದೆ.

ಬ್ರಿಟಿಷರ 1870ರ ಭೂಸ್ವಾಧೀನ ಕಾಯ್ದೆಯಲ್ಲಿ ಬೆಲೆಯ ಬಗ್ಗೆ ಒಪ್ಪಂದ ಏರ್ಪಡದಿದ್ದರೆ ಕಲೆಕ್ಟರೇ ಪ್ರಕರಣವನ್ನು ನ್ಯಾಯಾಲಯಕ್ಕೆ ಒಪ್ಪಿಸಬೇಕಿತ್ತು. 1894ರ ಕಾಯ್ದೆ ಆ ಹೊರೆಯನ್ನು ಮಾಲೀಕನ ಹೆಗಲಿಗೆ ದಾಟಿಸಿತು. ಅಧಿಕಾರಿ ಐತೀರ್ಪು, ಅಂದರೆ ಪರಿಹಾರದ ಮೊತ್ತ ನಿಗದಿಪಡಿಸುವ ಆದೇಶ, ಹೊರಡಿಸಿದ ಮೇಲೆ, ಒಪ್ಪದವನು 18ನೇ ಕಲಂ ಅಡಿ ಅರ್ಜಿ ಕೊಟ್ಟು ಪ್ರಕರಣವನ್ನು ನ್ಯಾಯಾಲಯಕ್ಕೆ ಕಳಿಸುವಂತೆ ಕೇಳಬೇಕಿತ್ತು. ಕರ್ನಾಟಕದ ತಿದ್ದುಪಡಿಯಂತೆ ಇದಕ್ಕೆ ನೋಟಿಸ್ ತಲುಪಿದಂದಿನಿಂದ 90 ದಿನಗಳ ಗಡುವು ಇತ್ತು. ಈ ಐತೀರ್ಪು ನ್ಯಾಯನಿರ್ಣಯವಲ್ಲ, ಸರ್ಕಾರದ ಪರವಾಗಿ ಮುಂದಿಟ್ಟ ಬೆಲೆಯ ಪ್ರಸ್ತಾಪ ಮಾತ್ರ ಎಂದು ಬ್ರಿಟಿಷ್ ಆಳ್ವಿಕೆಯ ಅತ್ಯುನ್ನತ ಮೇಲ್ಮನವಿ ಪೀಠವಾದ ಪ್ರಿವಿ ಕೌನ್ಸಿಲ್ 1905ರಷ್ಟು ಹಿಂದೆಯೇ ಎಜ್ರಾ ಪ್ರಕರಣದಲ್ಲಿ ಹೇಳಿತ್ತು. ಮೊದಲ ಬೆಲೆ ಬರೀ ಪ್ರಸ್ತಾಪವಾದರೆ ಚೌಕಾಸಿ ನ್ಯಾಯಾಲಯದಲ್ಲೇ ನಡೆಯುವುದು ಸಹಜ.

ಆ ಮೊದಲ ಬೆಲೆ ತೀರ ಕಡಿಮೆಯಾಗುವುದಕ್ಕೂ ಕಾರಣವಿದೆ. ಅಧಿಕಾರಿ ನೋಡುವುದು ಸುತ್ತಮುತ್ತಲಿನ ನೋಂದಾಯಿತ ಕ್ರಯಪತ್ರಗಳನ್ನು. ಮುದ್ರಾಂಕ ಶುಲ್ಕ ಉಳಿಸಲು ಅವುಗಳಲ್ಲಿ ನಿಜವಾದ ಬೆಲೆಯನ್ನು ಮರೆಮಾಚುವ ರೂಢಿ ಎಲ್ಲರಿಗೂ ಗೊತ್ತು. ಹೀಗಾಗಿ ಕೃಷಿ ಜಮೀನಿನ ವಿಷಯದಲ್ಲಿ ನಮ್ಮ ನ್ಯಾಯಾಲಯಗಳು ಅನೇಕ ಬಾರಿ ಇಳುವರಿಯ ಲೆಕ್ಕಕ್ಕೆ ಇಳಿಯುತ್ತವೆ. ಪಹಣಿಯಲ್ಲಿ ನಮೂದಾದ ಬೆಳೆ, ಎಕರೆಗೆ ಬರುವ ಇಳುವರಿ, ಆ ವರ್ಷದ ಎಪಿಎಂಸಿ ದರ, ಇವಿಷ್ಟು ಸಾಕ್ಷ್ಯ. ವರ್ಷದ ಉತ್ಪತ್ತಿ 80,000 ರೂಪಾಯಿ ಎಂದಿಟ್ಟುಕೊಂಡರೆ, ಸಾಮಾನ್ಯವಾಗಿ ಅರ್ಧವನ್ನು ಬೇಸಾಯದ ಖರ್ಚೆಂದು ಕಳೆದು, ಉಳಿದ 40,000ವನ್ನು 10ರಿಂದ ಗುಣಿಸಿ, ಎಕರೆಗೆ 4 ಲಕ್ಷ ಎಂದು ನಿಗದಿಪಡಿಸಲಾಗುತ್ತದೆ. ಪಹಣಿಯ ಬೆಳೆ ಕಾಲಂನಲ್ಲಿ ಕಬ್ಬಿನ ಬದಲು ಜೋಳ ಎಂದಿದ್ದರೆ ಇಡೀ ಲೆಕ್ಕವೇ ಕುಸಿಯುತ್ತದೆ.

1984ರ ತಿದ್ದುಪಡಿ ರೈತನ ಕೈಯನ್ನು ಬಲಪಡಿಸಿತು. ಬಲವಂತದ ಸ್ವಾಧೀನಕ್ಕಾಗಿ ಮಾರುಕಟ್ಟೆ ಬೆಲೆಯ ಮೇಲೆ ಕೊಡುವ ಹೆಚ್ಚುವರಿ ಮೊತ್ತವಾದ ಸೊಲೇಷಿಯಂ ಶೇ 15ರಿಂದ 30ಕ್ಕೆ ಏರಿತು. ನ್ಯಾಯಾಲಯ ಹೆಚ್ಚಿಸಿದ ಮೊತ್ತಕ್ಕೆ ಸ್ವಾಧೀನದ ಮೊದಲ ವರ್ಷ ಶೇ 9, ಆಮೇಲೆ ಶೇ 15 ಬಡ್ಡಿ ಎಂದಾಯಿತು. ಕೇಳಿದ್ದಕ್ಕಿಂತ ಹೆಚ್ಚು ಕೊಡಬಾರದೆಂಬ ಕಟ್ಟಳೆಯೂ ಹೋಯಿತು. ನನ್ನ ದೃಷ್ಟಿಯಲ್ಲಿ ಇವೆಲ್ಲಕ್ಕಿಂತ ಮುಖ್ಯವಾದದ್ದು 28ಎ ಕಲಂ. ವಕೀಲರಿಗೆ ಶುಲ್ಕ ಕೊಡಲಾಗದೆ ಸುಮ್ಮನಿದ್ದವನು ಕೂಡ, ಅದೇ ಅಧಿಸೂಚನೆಯಡಿ ಪಕ್ಕದ ಹೊಲದವನು ಗೆದ್ದರೆ, ಮೂರು ತಿಂಗಳೊಳಗೆ ಅರ್ಜಿ ಹಾಕಿ ಹೆಚ್ಚುವರಿ ಪರಿಹಾರ ಕೇಳಬಹುದಾಯಿತು.

ಸರ್ಕಾರವೂ ಮೇಲ್ಮನವಿ ಹೂಡುತ್ತದೆ, ಹೆಚ್ಚಾಗಿ ತಡವಾಗಿ. ವಿಳಂಬ ಮನ್ನಿಸುವ ಬಗ್ಗೆ ಇಂದಿಗೂ ಎಲ್ಲ ಬಗೆಯ ದಾವೆಗಳಲ್ಲಿ ಉಲ್ಲೇಖವಾಗುವ ಸುಪ್ರೀಂ ಕೋರ್ಟಿನ 1987ರ ಕತೀಜಿ ತೀರ್ಪು ಹುಟ್ಟಿದ್ದೇ ಕಾಶ್ಮೀರದ ಅನಂತನಾಗ್‌ನ ಭೂಸ್ವಾಧೀನ ಪರಿಹಾರದ ವಿರುದ್ಧ ಸರ್ಕಾರ ನಾಲ್ಕು ದಿನ ತಡವಾಗಿ ಸಲ್ಲಿಸಿದ ಮೇಲ್ಮನವಿಯಿಂದ. ಇತ್ತ ಬಡ್ಡಿ ಬೆಳೆಯುತ್ತಲೇ ಇರುತ್ತದೆ. ಹಣ ಕಟ್ಟದಿದ್ದಾಗ ನ್ಯಾಯಾಲಯದ ಅಮೀನರು ಜಪ್ತಿ ವಾರಂಟ್ ಹಿಡಿದು ಬಂದು ಉಪವಿಭಾಗಾಧಿಕಾರಿ ಕಚೇರಿಯ ಕುರ್ಚಿ, ಕಂಪ್ಯೂಟರ್, ಕೆಲವೊಮ್ಮೆ ಜೀಪನ್ನೂ ಹೊತ್ತೊಯ್ಯುವ ಸುದ್ದಿ ನಮ್ಮ ಜಿಲ್ಲಾ ಪುಟಗಳಲ್ಲಿ ಆಗಾಗ ಬರುವುದು ಇದರಿಂದಲೇ. 2008ರಲ್ಲಿ ಧಾರವಾಡ, ಕಲಬುರಗಿಗಳಲ್ಲಿ ಸಂಚಾರಿ ಪೀಠ ಆರಂಭವಾಗುವವರೆಗೆ ಉತ್ತರ ಕರ್ನಾಟಕದವರು ಹೈಕೋರ್ಟ್ ಮೇಲ್ಮನವಿಗೆ ಬೆಂಗಳೂರಿಗೇ ಬರಬೇಕಿತ್ತು.

1894ರ ಕಾಯ್ದೆಯ ಬದಲಿಗೆ 2014ರ ಜನವರಿ 1ರಂದು ಜಾರಿಗೆ ಬಂದ ಹೊಸ ಕಾಯ್ದೆ ಸೊಲೇಷಿಯಂ ಅನ್ನು ಶೇ 100ಕ್ಕೆ ಏರಿಸಿತು. ರಾಷ್ಟ್ರೀಯ ಹೆದ್ದಾರಿಗೆ ಜಮೀನು ಹೋದವರ ದಾರಿ ಮಾತ್ರ ಈಗಲೂ ಬೇರೆ. ಅವರ ತಕರಾರನ್ನು ಕೇಳುವವರು ಕೇಂದ್ರ ಸರ್ಕಾರ ನೇಮಿಸಿದ ಮಧ್ಯಸ್ಥಗಾರರು, ಸಾಮಾನ್ಯವಾಗಿ ಜಿಲ್ಲಾಧಿಕಾರಿ. ಅವರ ತೀರ್ಪನ್ನು ನ್ಯಾಯಾಲಯ ರದ್ದುಪಡಿಸಬಹುದೇ ಹೊರತು ತಾನೇ ಮೊತ್ತ ಏರಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿತು. 2025ರಲ್ಲಿ ಸಂವಿಧಾನ ಪೀಠವು ಮಾರ್ಪಾಡಿಗೆ ಸೀಮಿತ ಅವಕಾಶ ಕೊಟ್ಟಿತಾದರೂ, ಇಳುವರಿ, ದರಗಳ ಸಾಕ್ಷ್ಯವನ್ನು ಹೊಸದಾಗಿ ತೂಗಿ ಬೆಲೆ ಕಟ್ಟುವ ಅಧಿಕಾರ ಅದರಲ್ಲಿಲ್ಲ.